ದೊಡವಾಡದ ಒಂದು ತಾರ

ನಾಣ್ಯ ವಿಭಾಗಕ್ಕೆ ಹೊಸದಾಗಿ ಬರುವವರು ಮೊದಲು ಕಲಿಯಬೇಕಾದದ್ದು ಹಳೆಯ ಲಿಪಿಯನ್ನಲ್ಲ, ಸೀನು ತಡೆಯುವುದನ್ನು. ವಿಜಯನಗರದ ಕಾಲದ ತಾರ ಎಂಬ ಬೆಳ್ಳಿ ನಾಣ್ಯ ತೊಗರಿಬೇಳೆಗಿಂತ ತುಸು ದೊಡ್ಡದು, ಅದಕ್ಕಿಂತ ತೆಳುವಾದದ್ದು. ಅದನ್ನು ಮೇಜಿನ ಮೇಲೆ ಇಟ್ಟುಕೊಂಡು ಒಮ್ಮೆ ಸೀನಿದರೆ ಉಳಿದ ಹೊತ್ತನ್ನೆಲ್ಲ ನೆಲಕ್ಕೆ ಮೊಣಕಾಲೂರಿ ಕಳೆಯಬೇಕಾಗುತ್ತದೆ. ನಾನು ಕಳೆದಿದ್ದೇನೆ. ಫ್ಯಾನನ್ನು ಬಂದ್ ಮಾಡಿ, ಕಿಟಕಿ ಮುಚ್ಚಿ, ಚಹಾ ತರುವವನಿಗೆ ಬಾಗಿಲ ಹೊರಗೇ ನಿಲ್ಲಲು ಹೇಳಿ. ಇಷ್ಟಾದರೆ ಅರ್ಧ ಕೆಲಸ ಬಂದಂತೆ.

ನಾನು ಪುರಾತತ್ವ ಇಲಾಖೆಯಿಂದ ನಿವೃತ್ತನಾಗಿ ಕೆಲವು ವರ್ಷಗಳಾದವು. ಯಾವ ವರ್ಷ ಯಾವ ಹುದ್ದೆ ಸಿಕ್ಕಿತು ಎಂಬುದು ಸೇವಾ ಪುಸ್ತಕದಲ್ಲಿದೆ, ಅದನ್ನು ಇಲ್ಲಿ ಬರೆದು ನಿಮ್ಮನ್ನು ದಣಿಸುವುದಿಲ್ಲ. ಬರೆಯಬೇಕೆಂದಿರುವುದು ಒಂದು ತಾರದ ಕಥೆ. ಆದರೆ ಮೊದಲೇ ಒಂದು ಎಚ್ಚರಿಕೆ. ವಿಶ್ವವಿದ್ಯಾಲಯದಲ್ಲಿ ನಮಗೆ ಕಲಿಸಿದ್ದು ಒಂದೇ ಮಾತು: ಸಾಕ್ಷಿ ಎಲ್ಲಿ? ಆ ಪ್ರಶ್ನೆಯನ್ನು ಶಾಸನಕ್ಕೆ ಕೇಳಿ ಕೇಳಿ, ಈಗ ನನ್ನ ನೆನಪಿಗೂ ಕೇಳುವ ಚಟ ಅಂಟಿಕೊಂಡಿದೆ. ಹಾಗಾಗಿ ಬರೆಯುವ ಮೊದಲು ನಮ್ಮ ಜೀಪಿನ ಚಾಲಕರಾಗಿದ್ದ ಮೌಲಾಸಾಬರಿಗೆ ಫೋನ್ ಮಾಡಿದೆ. ಅವರೂ ನಿವೃತ್ತರು. ಇರುವುದು ಕಿತ್ತೂರಿನಲ್ಲಿ.

"ಮೌಲಾಸಾಬ್, ದೊಡವಾಡದ ತಾರದ ಮ್ಯಾಲೆ ಬಸವಣ್ಣ ಇದ್ದನಲ್ಲ?"

"ಬಸವಣ್ಣ ಎಲ್ಲಿದ್ದರಿ ಸಾಹೇಬ್ರ? ಆನಿ ಇತ್ತು."

"ಬಸವಣ್ಣ ರೀ. ಹೆಗಲ ಮ್ಯಾಲಿನ ಹಿಣಿಲು ಕಾಣ್ತಿತ್ತು."

"ಅದು ಹಿಣಿಲಲ್ಲ, ಆನಿ ತೆಲಿ. ನಿಮಗ ಆವಾಗೂ ಚಸ್ಮಾ ಬೇಕಿತ್ತು. ತಗೋಳ್ಳಿಲ್ಲ."

ಹೀಗೆ ಶುರುವಿನಲ್ಲೇ ಇಬ್ಬರು ಸಾಕ್ಷಿಗಳು, ಎರಡು ಪ್ರಾಣಿಗಳು. ಮುಂದಿನದನ್ನು ಇದೇ ಲೆಕ್ಕದಲ್ಲಿ ಓದಿಕೊಳ್ಳಿ.

ಶುರುವಾದದ್ದು ರಾಮದುರ್ಗ ತಾಲೂಕಿನ ಸಾಲಹಳ್ಳಿಯಲ್ಲಿ. ಅಲ್ಲಿ ಒಬ್ಬ ರೈತ ದನದ ಕೊಟ್ಟಿಗೆಗೆ ತಳಪಾಯ ತೆಗೆಯುವಾಗ ಸಣ್ಣ ಮಣ್ಣಿನ ಕುಡಿಕೆ ಸಿಕ್ಕಿತು, ಒಳಗೆ ಒಂದು ಹಿಡಿಯಷ್ಟು ಪುಟ್ಟ ಕಪ್ಪು ಬಿಲ್ಲೆಗಳು. ನೆಲದಲ್ಲಿ ಸಿಕ್ಕದ್ದು ಸರ್ಕಾರದ್ದು ಎಂದು ತಿಳಿದವನು, ತಹಶೀಲ್ದಾರರಿಗೆ ಸುದ್ದಿ ಕೊಟ್ಟ. ಧಾರವಾಡದ ಕಚೇರಿಯಿಂದ ನಾನೂ ಮೌಲಾಸಾಬರೂ ಹೊರಟೆವು. ದಾರಿಯುದ್ದಕ್ಕೂ ನನ್ನ ಎದೆ ಕುಣಿಯುತ್ತಿತ್ತು. ಯಾಕೆಂದರೆ ಈ ಸೀಮೆಯಲ್ಲಿ ತಾರ ಕೈಯಿಂದ ಕೈಗೆ ಓಡಾಡಿದ್ದಕ್ಕೆ ನಮ್ಮ ಬಳಿ ಗಟ್ಟಿ ಸಾಕ್ಷಿ ಇರಲಿಲ್ಲ. ಆರು ತಾರಕ್ಕೆ ಒಂದು ಹಣ ಎಂದು ಆ ಕಾಲದಲ್ಲಿ ವಿಜಯನಗರಕ್ಕೆ ಬಂದುಹೋದ ಪರದೇಶಿ ರಾಯಭಾರಿಯೊಬ್ಬ ಬರೆದಿದ್ದಾನೆ. ಹಣವೆಂದರೆ ಸಣ್ಣ ಚಿನ್ನದ ನಾಣ್ಯ. ಅದನ್ನು ಒಡೆದು ಚಿಲ್ಲರೆ ಮಾಡಿದರೆ ಬರುವುದು ತಾರ. ಆದರೆ ನಮ್ಮ ಕಚೇರಿಯ ಮುಖ್ಯಸ್ಥರಾಗಿದ್ದ ಸಾಹೇಬರ ವಾದ ಬೇರೆ ಇತ್ತು. "ನಮ್ಮ ಕಡೆ ತಾರ ಅಂದ್ರ ಬರೇ ಲೆಕ್ಕದ ಹೆಸರು. ಇಷ್ಟು ಸಣ್ಣದನ್ನ ಸಂತಿಯೊಳಗ ಯಾವ ಬೆರಳಿಲೆ ಹಿಡೀತಾರ? ಕೊಡೂದು ಹೆಂಗ, ತಗೊಳ್ಳೂದು ಹೆಂಗ?" ಎಂದು ಕೇಳುತ್ತಿದ್ದರು. ಸಾಹೇಬರು ಓದಿಕೊಂಡವರು, ಒಂಟಿ ಮನುಷ್ಯ, ಮದುವೆಯಾಗಿರಲಿಲ್ಲ.

ಸಾಲಹಳ್ಳಿಯ ಆ ರೈತನ ಮನೆ ಮುಟ್ಟಿದಾಗ ಕಟ್ಟೆಯ ಮೇಲೆ ಚಾಪೆ ಹಾಸಿತ್ತು. ಕಂಚಿನ ತಾಟಿನಲ್ಲಿ ನಾಣ್ಯಗಳು ಹೊಸ ಬೆಳ್ಳಿಯ ಹಾಗೆ ಫಳಫಳ ಹೊಳೆಯುತ್ತಿದ್ದವು. ಕಪ್ಪು ಬಿಲ್ಲೆ ಎಂದು ಕೇಳಿದ್ದೆವಲ್ಲ!

ಮನೆಯಾಕೆ ಸೆರಗು ಸರಿಪಡಿಸಿಕೊಂಡು ಸಂತೋಷದಿಂದ ಹೇಳಿದಳು, "ಧಾರವಾಡದಿಂದ ಸಾಹೇಬ್ರು ಬರಾಕತ್ತಾರಂತ ಹುಣಸೀಹಣ್ಣು, ಬೂದಿ ಹಚ್ಚಿ ತಿಕ್ಕೇವ್ರಿ. ಓಣಿ ಹೆಣ್ಮಕ್ಕಳೆಲ್ಲಾ ಕೈ ಹಚ್ಚ್ಯಾರ. ಅಂಥಾ ಹೊಲಸು ನಿಮ್ಮ ಕೈಯಾಗ ಹೆಂಗ ಕೊಡೂದ್ರಿ?"

ಏನು ಹೇಳುವುದು? ಮನೆಗೆ ಬರುವವರಿಗೆ ಬೆಳ್ಳಿ ತಾಟು ತಿಕ್ಕುವ ಮರ್ಯಾದೆಯನ್ನು ಅವರು ನಾಣ್ಯಕ್ಕೂ ತೋರಿಸಿದ್ದರು. ಶತಮಾನಗಳ ಕಾಲ ಮಣ್ಣು ಕಾಪಾಡಿದ ಅಕ್ಷರ, ಪ್ರಾಣಿ, ಸೂರ್ಯಚಂದ್ರ ಎಲ್ಲ ಬೂದಿಯ ಪಾಲಾಗಿದ್ದವು. ಮೌಲಾಸಾಬರು ನನ್ನ ಮುಖ ನೋಡಿ, ನಾನು ಬಾಯಿ ತೆರೆಯುವ ಮೊದಲೇ, "ಭಾಳ ಛಲೋ ತಿಕ್ಕೀರಿ ಯವ್ವಾ, ನಮ್ಮ ಮನ್ಯಾಗಿನ ತಾಟೂ ಹಿಂಗ ಹೊಳ್ಯಾಂಗಿಲ್ಲ" ಎಂದರು. ಆ ಮಾತು ಆಡಿದ್ದಕ್ಕೆ ನಾನು ಈಗಲೂ ಅವರಿಗೆ ಋಣಿ. ರೊಟ್ಟಿ, ಎಣಗಾಯಿ ಪಲ್ಯ, ಕೆನೆಮೊಸರು ತಿಂದು, ಹೊಳೆಯುವ ಬೆಳ್ಳಿ ಬಿಲ್ಲೆಗಳನ್ನು ಕಟ್ಟಿಕೊಂಡು ಬಂದೆವು. ಸಾಹೇಬರು ಭೂತಗನ್ನಡಿ ಹಿಡಿದು ಎಲ್ಲವನ್ನೂ ತಿರುವಿ ನೋಡಿ, "ಇವನ್ನ ಅಂಗಿಗೆ ಗುಂಡಿ ಹಚ್ಚಿಕೊಳ್ಳಾಕ ಬರತಾವ" ಎಂದರು.

ಹೊಸಬರೇ, ನೆನಪಿಡಿ: ಹಳ್ಳಿಯಿಂದ ಸುದ್ದಿ ಬಂದ ಕೂಡಲೇ ಮೊದಲು ಫೋನ್ ಮಾಡಿ "ತೊಳೀಬ್ಯಾಡ್ರಿ" ಎನ್ನಿ. ಆಮೇಲೆ ಜೀಪು ಹತ್ತಿ. ನಮ್ಮ ಕಾಲದಲ್ಲಿ ಸಾಲಹಳ್ಳಿಗೆ ಫೋನ್ ಇರಲಿಲ್ಲ.

ಆ ಗುಂಡಿಗಳನ್ನಾದರೂ ಸರಿಯಾಗಿ ತೂಗೋಣ ಎಂದು ಬೈಲಹೊಂಗಲದ ಅಕ್ಕಸಾಲಿ ಮೌನೇಶಪ್ಪ ಪತ್ತಾರರ ಅಂಗಡಿಗೆ ಹೋದೆ. ಕಚೇರಿಯ ತಕ್ಕಡಿ ದೊಡ್ಡ ನಾಣ್ಯಗಳಿಗೆ ಮಾತ್ರ ಬಾಗುತ್ತಿತ್ತು. ಈಗ ನಿಮಗೆ ಗುಂಡಿ ಒತ್ತಿದರೆ ಅಂಕಿ ತೋರಿಸುವ ತಕ್ಕಡಿ ಇದೆ, ನಾಣ್ಯಕ್ಕೆ ಪಿಸ್ತೂಲಿನಂಥದ್ದನ್ನು ಹಿಡಿದರೆ ಬೆಳ್ಳಿ ಎಷ್ಟು, ತಾಮ್ರ ಎಷ್ಟು ಎಂದು ಹೇಳುವ ಯಂತ್ರವೂ ಇದೆ. ಆಗ ಇದ್ದದ್ದು ಪತ್ತಾರರ ಗಾಜಿನ ಪೆಟ್ಟಿಗೆಯ ತಕ್ಕಡಿ ಮತ್ತು ಗುಲಗಂಜಿ. ಒಂದು ಬಿಲ್ಲೆ ಮೂರು ಗುಲಗಂಜಿಗೆ ತುಸು ಕಡಿಮೆ ತೂಗಿತು ಎಂದು ನೆನಪು. ಪತ್ತಾರರು ಅದನ್ನು ಬೆರಳಲ್ಲಿ ಹೊರಳಿಸಿ ನಕ್ಕರು.

"ಇದು ದೊಡವಾಡದ ನೀಲವ್ವನ ಮನ್ಯಾಗೂ ಒಂದು ಐತ್ರಿ. ಮದವಿ ತಾರ ಅಂತಾರ. ಅದರ ಮ್ಯಾಲ ಚಿತ್ರ ಇನ್ನೂ ಐತಿ. ಅದಕ್ಕ ಕುಂಕುಮ ಬಿಟ್ರ ಮತ್ತೇನೂ ಹಚ್ಚಿಲ್ಲ."

ಮರುದಿನವೇ ದೊಡವಾಡದ ಹಾದಿ ಹಿಡಿದೆವು. ನೀಲವ್ವ ಎಪ್ಪತ್ತು ದಾಟಿದ, ದೊಡ್ಡ ಒಕ್ಕಲುತನದ ಮನೆಯ ಯಜಮಾನತಿ. ಹಣೆ ತುಂಬ ವಿಭೂತಿ, ಮಾತು ಕತ್ತರಿಯಂಥದ್ದು. ಮಗ ತೀರಿಕೊಂಡಿದ್ದ. ಸೊಸೆ, ಮೊಮ್ಮಗಳು ಶಾಂತಾ, ಎತ್ತು, ಎಮ್ಮೆ ಎಲ್ಲ ಆಕೆಯ ಕೈಯಲ್ಲಿ. ಶಾಂತಾಳ ಮದುವೆ ಗೊತ್ತಾಗಿತ್ತು. ನೀಲವ್ವ ಕುಂಕುಮದ ಭರಣಿ ತೆರೆದು, ಬೆರಳ ತುದಿಯನ್ನು ನೀರಿಗೆ ತಾಗಿಸಿ, ಭರಣಿಯೊಳಗೆ ಮೆಲ್ಲಗೆ ಒತ್ತಿ ಎತ್ತಿದಳು. ಬೆರಳ ತುದಿಗೆ ಬೊಟ್ಟಿನಂತೆ ತಾರ ಅಂಟಿಕೊಂಡು ಬಂತು. ಅದು ಬೆರಳ ಮೇಲೆ ಇದ್ದಷ್ಟು ಹೊತ್ತು ನಾನು ಸೀನು ಬಾರದಂತೆ ಮೂಗು ಹಿಡಿದುಕೊಂಡಿದ್ದೆ. ಅದರ ಮೇಲೆ ಬಸವಣ್ಣ ಸ್ಪಷ್ಟವಾಗಿದ್ದ. (ಮೌಲಾಸಾಬರ ಪ್ರಕಾರ ಆನೆ. ತೆಗೆದ ಫೋಟೋದ ರೀಲು ಬೆಳಕು ಹೊಕ್ಕು ಕೆಟ್ಟಿತು, ಹಾಗಾಗಿ ವಾದ ಇನ್ನೂ ನಡೆದಿದೆ.)

ಅದರ ಪದ್ಧತಿಯನ್ನು ನೀಲವ್ವ ಹೇಳಿದಳು. ನಮ್ಮ ಕಡೆ ಅಕ್ಕನ ಮಗಳ ಮೇಲೆ ಸೋದರಮಾವನಿಗೆ ಮೊದಲ ಹಕ್ಕು ಎಂಬ ಮಾತಿದೆ. ಹುಡುಗಿಯನ್ನು ಹೊರಗೆ ಕೊಡುವುದಾದರೆ ಆ ಮಾವ ಹಕ್ಕು ಬಿಟ್ಟುಕೊಡಬೇಕು. ಅವರ ಬಳಗದಲ್ಲಿ ಹಾಗೆ ಬಿಟ್ಟುಕೊಟ್ಟದ್ದಕ್ಕೆ ಅರಿಶಿನದ ದಿನ ಹುಡುಗಿಯ ಅಜ್ಜಿ ಮಾವನ ಅಂಗೈಗೆ ತಾರ ಕೊಡುತ್ತಾಳೆ. ಮಾವ ಅದನ್ನು ಜೋಪಾನ ಮಾಡಿ, ಬಳಗದಲ್ಲಿ ಮುಂದಿನ ಹುಡುಗಿಯ ಮದುವೆಗೆ ಒಂದು ಸೀರೆಯ ಜೊತೆ ತಂದು ಆ ಮನೆಯ ಅಜ್ಜಿಗೆ ಮುಟ್ಟಿಸಬೇಕು. ಅಲ್ಲಿಂದ ಅದು ಆ ಹುಡುಗಿಯ ಮಾವನಿಗೆ. ಶಾಂತಾಳ ಮದುವೆಗೆಂದು ಹಿಂದಿನ ಮಾವ ಆಗಲೇ ತಂದುಕೊಟ್ಟು ಹೋಗಿದ್ದ. ಯಾವ ಕಾಲದಿಂದ ಎಂದು ಕೇಳಿದೆ. "ನಮ್ಮತ್ತಿ ಹೇಳತಿದ್ಲು, ಅವರತ್ತಿ ಹೇಳತಿದ್ಲಂತ" ಎಂದಳು. ಇದು ಸಾಕ್ಷಿಯಲ್ಲ ಎಂದು ನನ್ನೊಳಗಿನ ವಿದ್ಯಾರ್ಥಿ ತಕ್ಷಣ ಹೇಳಿದ. ಆದರೂ ಆಕೆಯ ಒಂದೊಂದು ಮಾತನ್ನೂ ಬರೆದುಕೊಂಡೆ.

ವರದಿ ಓದಿದ ಸಾಹೇಬರು ಕನ್ನಡಕ ತೆಗೆದರು. "ಬಾಯಿಮಾತು ಬ್ಯಾಡ. ತಾರ ನಮ್ಮ ಸಂಗ್ರಹಕ್ಕ ಬರಬೇಕು. ಬೆಲಿ ಕೊಟ್ಟು ತಗೊಂಡು ಬಾ." ಹೋದೆ. ನೀಲವ್ವ ಚಹಾ ಕೊಟ್ಟಳು, ಉಂಡಿ ಕೊಟ್ಟಳು, ತಾರ ಕೊಡಲಿಲ್ಲ. ಬರಿಗೈಯಲ್ಲಿ ಬಂದ ನನ್ನನ್ನು ನೋಡಿ ಸಾಹೇಬರು ತಾವೇ ಹೊರಟರು. ನಾವು ದೊಡವಾಡ ಮುಟ್ಟಿದ್ದು ಸರಿಯಾಗಿ ಶಾಂತಾಳಿಗೆ ಅರಿಶಿನ ಹಚ್ಚುವ ದಿನ.

ಹಂದರದ ಕೆಳಗೆ ಹೆಂಗಸರ ಹಾಡು, ಹೊಗೆ, ಗದ್ದಲ. ಸಾಹೇಬರು ಮೊದಲು ಕಾಯ್ದೆ ಹೇಳಿದರು. ನೀಲವ್ವ ಒಲೆಯ ಮೇಲಿನ ಹೂರಣ ತಿರುವುತ್ತಲೇ ಕೇಳಿದಳು, "ನೆಲದಾಗ ಸಿಕ್ಕದ್ದು ಸರಕಾರದ್ದು, ಖರೆ. ಇದು ನೆಲ ಕಂಡೇ ಇಲ್ಲಲ್ಲರಿ. ಕೈಯಾಗ ಬಂದೈತಿ, ಕೈಯಾಗ ಹೊಂಟೈತಿ." ಕಾಯ್ದೆಯ ಮಾತು ಬಿಟ್ಟು ಸಾಹೇಬರು ಚೀಲದಿಂದ ಒಂದು ದೊಡ್ಡ ಬೆಳ್ಳಿ ರೂಪಾಯಿ ತೆಗೆದರು. ರಾಣಿಯ ಮುಖವಿದ್ದದ್ದು, ಅವರ ಸ್ವಂತದ್ದು.

"ಅದರ ಬದಲಿ ಇದನ್ನ ಇಟ್ಕೋರಿ ಅಮ್ಮಾ. ಇದರಾಗ ಬೆಳ್ಳಿ ಎಷ್ಟೋ ಪಟ್ಟು ಹೆಚ್ಚೈತಿ."

ನೀಲವ್ವ ಸೌಟು ಕೆಳಗಿಟ್ಟಳು. "ಅದ ತ್ರಾಸು ನೋಡ್ರಿ. ಇಷ್ಟು ದೊಡ್ಡದು ಕೊಟ್ರ ಹುಡುಗಿನ್ನ ಮಾರಿದಂಗ ಆಕ್ಕೈತಿ. ಏನೂ ಕೊಡದಿದ್ರ ಮಾವನ ಮಾನ ಹೋಕ್ಕೈತಿ. ಅದಕ್ಕ ಎಲ್ಲಾಕ್ಕಿಂತ ಸಣ್ಣದು ಬೇಕು. ಇದಕ್ಕಿಂತ ಸಣ್ಣದು ನಿಮ್ಮ ಚೀಲದಾಗ ಐತೇನು?"

ಸಾಹೇಬರು ಚೀಲದೊಳಗೆ ನಿಜವಾಗಿಯೂ ನೋಡಿದರು. ನಾನೂ ಮೌಲಾಸಾಬರೂ ಮುಖ ತಿರುಗಿಸಿ ನಿಂತೆವು.

ಆಗ ಸೊಸೆ ಬಂದು ಅತ್ತೆಯ ಕಿವಿಯಲ್ಲಿ ಏನೋ ಅಂದಳು. ವಿಷಯ ಇಷ್ಟು: ಸೊಸೆಗೆ ಒಡಹುಟ್ಟಿದ ಅಣ್ಣತಮ್ಮಂದಿರಿಲ್ಲ. ಮಾವನ ಸ್ಥಾನಕ್ಕೆ ದೂರದ ಸಂಬಂಧಿಯೊಬ್ಬ ಬರಬೇಕಿತ್ತು. ಕರೆಯಲು ಹೋದವರು ಸರಿಯಾಗಿ ಕರೆಯಲಿಲ್ಲ ಎಂದು ಆತ ಮುನಿಸಿಕೊಂಡು ಕುಳಿತಿದ್ದ. ಮಾವನಿಲ್ಲದೆ ತಾರ ಯಾರಿಗೆ ಕೊಡುವುದು? ತಾರ ಕೊಡದೆ ಅರಿಶಿನ ಹಚ್ಚುವಂತಿಲ್ಲ. ನೀಲವ್ವ ಸಾಹೇಬರನ್ನು ಮೇಲಿನಿಂದ ಕೆಳಗಿನವರೆಗೆ ನೋಡಿದಳು.

"ನಿಮಗ ಅಕ್ಕತಂಗೇರು ಎಷ್ಟು ಮಂದಿ?"

"ಯಾರೂ ಇಲ್ಲ."

"ಛಲೋ ಆತು. ನಮ್ಮ ಹುಡುಗಿಗೂ ಮಾವ ಇಲ್ಲ. ತಾರ ಬೇಕಂದ್ರಲ್ಲ, ಕೈ ಚಾಚ್ರಿ. ಆದ್ರ ಪುಕ್ಕಟೆ ಅಲ್ಲ. ತಗೊಂಡಾವ ಕೊಡಬೇಕು. ಮುಂದಿನ ಮದವಿಗೆ ಸೀರಿ ತಗೊಂಡು ಬರಬೇಕು. ಒಪ್ಪಿದ್ರ ಹೇಳ್ರಿ, ಹೂರಣ ತಳ ಹತ್ತಾಕತ್ತೈತಿ."

ಸಾಹೇಬರು ಒಂದು ಕ್ಷಣ ನನ್ನತ್ತ ನೋಡಿದರು. ಆ ಕಣ್ಣಲ್ಲಿ ಸಂಗ್ರಹಾಲಯ ಇತ್ತು, ಅದನ್ನು ನಾನು ಕಂಡೆ. ನಾಣ್ಯ ಕೈಗೆ ಬಂದರೆ ಸಾಕು, ಆಮೇಲಿನದು ಆಮೇಲೆ ಎಂಬ ನೋಟ. ಅವರು ಅಂಗೈ ಚಾಚಿದರು. ನೀಲವ್ವ ಬೆರಳು ಒದ್ದೆ ಮಾಡಿ, ಭರಣಿಯಿಂದ ತಾರವನ್ನೆತ್ತಿ, ಅವರ ಅಂಗೈ ನಡುವೆ ಒತ್ತಿದಳು. ಕುಂಕುಮದ ದುಂಡು ಗುರುತಿನೊಳಗೆ ಬೆಳ್ಳಿ. ಸಂತೆಯಲ್ಲಿ ಯಾವ ಬೆರಳಿಂದ ಹಿಡಿಯುತ್ತಾರೆ ಎಂದು ಕೇಳುತ್ತಿದ್ದವರು ಅದನ್ನೇ ನೋಡುತ್ತ ನಿಂತುಬಿಟ್ಟರು. (ನೀಲವ್ವ ಹೀಗೆ ಕೊಟ್ಟಳೆಂದರೆ ವಿಜಯನಗರದ ಕಾಲದ ಎಲೆಅಡಿಕೆ ಮಾರುವವನೂ ಹೀಗೇ ಕೊಡುತ್ತಿದ್ದ ಎಂದು ಸಾಬೀತಾಗುವುದಿಲ್ಲ. ಇದನ್ನು ಬರೆಯದಿದ್ದರೆ ನನಗೆ ನಿದ್ದೆ ಬರುವುದಿಲ್ಲ.)

ಅಷ್ಟರಲ್ಲಿ ಹೆಂಗಸರು ಹಾಡು ಬದಲಿಸಿ ಹೊಸ ಮಾವನ ಮೇಲೆಯೇ ಪದ ಕಟ್ಟಿದರು. ಚಸ್ಮಾದ ಮಾವ, ಚೀಲದ ಮಾವ, ತೆಲಿ ಬೋಳಾದ ಮಾವ. ಶಾಂತಾ ಬಂದು ಕಾಲಿಗೆ ನಮಸ್ಕರಿಸಿ, "ಮಾಮಾ, ನಾಳೆ ಜಲ್ದಿ ಬರ್ರಿ. ನನ್ನ ಕೈ ಹಿಡದು ಹಂದರಕ್ಕ ಕರಕೊಂಡು ಹೋಗಾವ್ರು ನೀವ" ಎಂದಳು. ಸಾಹೇಬರ ಕೆನ್ನೆಗೆ ಯಾರೋ ಅರಿಶಿನ ಬಳಿದರು. ಅದನ್ನು ಒರೆಸಿಕೊಳ್ಳುವುದನ್ನು ಅವರು ಧಾರವಾಡ ಮುಟ್ಟುವವರೆಗೆ ಮರೆತಿದ್ದರು.

ಮರುದಿನ ಅವರು ಗರಿಗರಿ ಇಸ್ತ್ರಿಯ ಅಂಗಿ ತೊಟ್ಟು ಹೋದರು, ಹುಡುಗಿಯ ಕೈ ಹಿಡಿದರು, ಮದುವೆ ಆಯಿತು. ತಾರ ಅವರ ಜೇಬಿನಲ್ಲಿ ಧಾರವಾಡಕ್ಕೆ ಬಂತು. ನಾನು ದಾಖಲೆಗೆ ಸೇರಿಸಲೇ ಎಂದು ಕೇಳಿದೆ. ಒಮ್ಮೆ ಸಂಖ್ಯೆ ಬಿದ್ದರೆ ಮುಗಿಯಿತು, ಅದು ಮತ್ತೆ ಯಾರ ಅಂಗೈಗೂ ಹೋಗುವುದಿಲ್ಲ.

"ಬರಿ" ಎಂದರು. ಪೆನ್ನು ತೆಗೆದೆ. "ತಡಿ" ಎಂದರು. ಮುಂದಿನ ವಾರ ಮತ್ತೆ "ಬರಿ", ಮತ್ತೆ "ತಡಿ". ಮಧ್ಯಾಹ್ನ ಅವರು ಬಾಗಿಲು ಹಾಕಿಕೊಂಡು ಬೆರಳು ಒದ್ದೆ ಮಾಡಿ ತಾರ ಎತ್ತುವುದನ್ನು ಅಭ್ಯಾಸ ಮಾಡುತ್ತಿದ್ದರು. ಚಹಾ ತರುವವನು ಕಿಟಕಿಯಿಂದ ನೋಡಿ ನಮಗೆಲ್ಲ ಹೇಳಿದ.

ಸುಗ್ಗಿ ಮುಗಿದ ಮೇಲೆ ನೀಲವ್ವ ಮೌಲಾಸಾಬರ ಕೈಯಲ್ಲಿ ಹೇಳಿಕಳಿಸಿದಳು. ಸವದತ್ತಿ ತಾಲೂಕಿನ ಹೂಲಿಯಲ್ಲಿ ಬಳಗದ ಹುಡುಗಿಯ ಮದುವೆ. ಮಾವ ತಾರ ತರಬೇಕು. ಆ ದಿನ ಸಾಹೇಬರು ಒಂದೂ ಕಡತ ಮುಟ್ಟಲಿಲ್ಲ. ಒಂದು ಕಡೆ ಅವರ ಜೀವಮಾನದ ಪ್ರಶ್ನೆಗೆ ಈ ಸೀಮೆಯಲ್ಲಿ ಸಿಕ್ಕ ಒಂದೇ ಒಂದು ಚಿತ್ರವುಳಿದ ತಾರ. ಇನ್ನೊಂದು ಕಡೆ, ಎಂದೂ ನೋಡದ ಒಬ್ಬ ಹುಡುಗಿ ಅರಿಶಿನಕ್ಕೆ ಕುಳಿತು ಕಾಯುತ್ತಾಳೆ. ಸಂಜೆ ನನ್ನನ್ನು ಕರೆದರು. ದಾಖಲೆ ತೆಗೆಯಬೇಕೇನೋ ಎಂದುಕೊಂಡು ಹೋದರೆ, ಕೇಳಿದ್ದೇ ಬೇರೆ:

"ಇಳಕಲ್ ಸೀರಿ ಛಲೋದು ಎಲ್ಲಿ ಸಿಗತೈತಿ?"

ಹೂಲಿಗೆ ಹೋದೆವು. ಅಲ್ಲಿಯ ಹಳೆಯ ಕಲ್ಲಿನ ಗುಡಿಗಳ ಸಾಲಿನ ಮುಂದೆ ಹಾದುಹೋಗುವಾಗ ಯಾವಾಗಲೂ ಇಳಿದು ಶಾಸನ ಮುಟ್ಟಿ ನೋಡುವ ಸಾಹೇಬರು ಅಂದು ಜೀಪು ನಿಲ್ಲಿಸಲೂ ಹೇಳಲಿಲ್ಲ. ಹಂದರದಲ್ಲಿ ಸೀರೆ ಕೊಟ್ಟು, ಬೆರಳು ಒದ್ದೆ ಮಾಡಿ, ಒಂದೇ ಸಲಕ್ಕೆ ತಾರ ಎತ್ತಿ ಆ ಹುಡುಗಿಯ ಅಜ್ಜಿಯ ಅಂಗೈಗೆ ಒತ್ತಿದರು. ಬರಿ ಕೈ ಎತ್ತಿ ಎಲ್ಲರಿಗೂ ತೋರಿಸಿದರು, ಜಾದೂಗಾರನ ಹಾಗೆ. ಮರಳುವಾಗ ಜೀಪಿನಲ್ಲಿ ಹೇಳಿದರು: "ಗಾಜಿನೊಳಗ ಇಟ್ರ ಅದು ಬೆಳ್ಳಿ. ಕೈ ಬದಲಾದ್ರ ನಾಣ್ಯ." ಹೇಳಿದರೆಂದು ನನ್ನ ನೆನಪು. ಇಷ್ಟು ವರ್ಷ ಈ ಕಥೆ ಹೇಳುತ್ತ ಹೇಳುತ್ತ ನಾನೇ ಕಟ್ಟಿದ ಮಾತೂ ಇರಬಹುದು. ಮೌಲಾಸಾಬರ ಪ್ರಕಾರ ಸಾಹೇಬರು ಅಂದು ಹೇಳಿದ್ದು ಒಂದೇ: "ಹೋಳಿಗಿ ಭಾಳ ಆದವು, ಜೀಪು ಹಗೂರಕ ಹೊಡಿ."

ಅವರು ಬದುಕಿರುವವರೆಗೆ ಆ ಬಳಗದ ಒಂದು ಮದುವೆಯನ್ನೂ ತಪ್ಪಿಸಲಿಲ್ಲ. ತಾರದ ಬಗ್ಗೆ ಪ್ರಬಂಧ ಬರೆದರು. ಅದರಲ್ಲಿ ಸಾಲಹಳ್ಳಿಯ ಗುಂಡಿಗಳಿವೆ, ದೊಡವಾಡದ ತಾರ ಇಲ್ಲ. ಸಾಕ್ಷಿಯನ್ನು ಕೈಯಾರೆ ಬಿಟ್ಟುಕೊಟ್ಟವರು ಅದನ್ನು ಹೇಗೆ ಉಲ್ಲೇಖಿಸುತ್ತಾರೆ? ಅವರು ತೀರಿಕೊಂಡಾಗ ದೊಡವಾಡದಿಂದ ಒಂದು ಟ್ರ್ಯಾಕ್ಟರ್ ತುಂಬ ಜನ ಬಂದರು. ಶಾಂತಾ ಮಾಮಾ ಎಂದು ಅತ್ತಳು.

ಈ ವರ್ಷ ಶಾಂತಾಳ ಮಗಳ ಮದುವೆ ಸವದತ್ತಿಯಲ್ಲಿ ಆಯಿತು. ಶಾಂತಾಳಿಗೂ ಒಡಹುಟ್ಟಿದವರಿಲ್ಲ. ಫೋನಿನಲ್ಲಿ ಹೇಳಿದಳು, "ಮಾಮಾ ಇಲ್ಲ. ಅವರ ಸಂಗಾಟ ಬಂದವರು ನೀವ. ಕೈ ಚಾಚಾಕ ಬರ್ರಿ." ನಾನು ಹೋದೆ. ಜೇಬಿನಲ್ಲಿ ಭೂತಗನ್ನಡಿ ಇಟ್ಟುಕೊಂಡೇ ಹೋದೆ. ಬಸವಣ್ಣನೋ ಆನೆಯೋ, ಇಷ್ಟು ವರ್ಷಗಳ ಜಗಳ ಅಂದು ತೀರಬೇಕಿತ್ತು. ಮೌಲಾಸಾಬರೂ ಬಂದಿದ್ದರು, ಗೆಲ್ಲಲೆಂದೇ.

ತಾರ ಈಗ ನಮ್ಮ ಮನೆಯಲ್ಲಿದೆ, ಭರಣಿಯೊಳಗೆ. ಭೂತಗನ್ನಡಿಯಲ್ಲಿ ಇಬ್ಬರೂ ನೋಡಿದೆವು. ಇಷ್ಟು ಬೆರಳುಗಳು ಒತ್ತಿ ಒತ್ತಿ ಅದರ ಮೇಲೆ ಉಳಿದಿರುವುದು ಒಂದು ಉಬ್ಬು ಮಾತ್ರ. ನನಗದು ಹಿಣಿಲು, ಅವರಿಗದು ಆನೆಯ ತಲೆ. ಸಾಲಹಳ್ಳಿಯಲ್ಲಿ ಒಂದೇ ದಿನದಲ್ಲಿ ಹುಣಸೆಹಣ್ಣು ಮಾಡಿದ ಕೆಲಸವನ್ನು ಇಲ್ಲಿ ಬೆರಳುಗಳು ನಿಧಾನವಾಗಿ ಮಾಡಿದ್ದವು. ಅದನ್ನು ಕಂಡು ದುಃಖವಾಗಬೇಕಿತ್ತು. ನಗು ಬಂತು. ಸವೆಯದ ನಾಣ್ಯವೆಂದರೆ ಯಾರೂ ಬಳಸದ ನಾಣ್ಯ ಎಂದು ಪಾಠದಲ್ಲಿ ಓದಿದ್ದೆ. ನೋಡಿದ್ದು ಈಗ.

ಇಲಾಖೆಯ ಹೊಸಬರು ಫೋನ್ ಮಾಡಿದ್ದರು. ಯಂತ್ರಕ್ಕೆ ಹಿಡಿದು ನೋಡುತ್ತೇವೆ, ಒಂದು ವಾರ ಕೊಡಿ ಎಂದರು. ಕೊಡಲಾಗದು, ರಾಮದುರ್ಗದಲ್ಲಿ ಮದುವೆ ಗೊತ್ತಾಗಿದೆ, ನೋಡಬೇಕಿದ್ದರೆ ಯಂತ್ರವನ್ನು ಹಂದರಕ್ಕೇ ತನ್ನಿ, ಊಟವೂ ಆಗುತ್ತದೆ ಎಂದೆ. ಬರುತ್ತಾರಂತೆ. ಬಂದರೆ ಒಂದು ಮಾತು: ಅಂಗೈ ಚಾಚುವ ಮೊದಲು ವಿಚಾರ ಮಾಡಿ.

ಇಷ್ಟು ಬರೆದು ಮುಗಿಸುವ ಹೊತ್ತಿಗೆ ನನ್ನ ಹೆಂಡತಿ ಬಾಗಿಲಲ್ಲಿ ಚಪ್ಪಲಿ ಮೆಟ್ಟಿ ನಿಂತಿದ್ದಾಳೆ.

"ಬರದದ್ದು ಸಾಕು ಏಳ್ರಿ. ಸೀರಿ ಅಂಗಡಿ ಮುಚ್ಚತಾರ. ಆ ಹುಡುಗಿಗೆ ಯಾವ ಬಣ್ಣ ಒಪ್ಪತೈತಿ, ಕೇಳೀರೇನು?"

ಕೇಳಿದ್ದೆ. ಹಸಿರು ಎಂದಿದ್ದರು. ಅಥವಾ ನೀಲಿಯೋ.